ಯಾರ ಹತ್ತಿರ ಎಷ್ಟು ಸಬ್‌ಮರಿನ್?

ಕುಂದಾಪುರದಿಂದ ಹೆದ್ದಾರಿ ಹಿಡಿದು ಬೈಂದೂರು, ಭಟ್ಕಳ ದಾಟಿ ಮುಂದೆ ಹೋದ್ರೆ ಕಾರವಾರ. ಅಲ್ಲಿನ ನೌಕಾನೆಲೆಯಿಂದಲೇ 2022ರ ಮೇ ತಿಂಗಳಲ್ಲಿ ಆಗಿನ ರಕ್ಷಣಾ ಸಚಿವ ರಾಜನಾಥ್ ಸಿಂಗ್ ‘ಖಂಡೇರಿ’ ಸಬ್‌ಮರಿನ್ ಹತ್ತಿ ನೀರಡಿಗೆ ಇಳಿದದ್ದು.

ಈಗ ಲೆಕ್ಕ ಕಾಣಿ. ಅಮೆರಿಕದ ಹತ್ತಿರ ಸುಮಾರು 70, ಎಲ್ಲವೂ ಅಣುಶಕ್ತಿಯವು. ಚೀನಾದ್ದು 60ರ ಆಸುಪಾಸು, ಹೆಚ್ಚಿನವು ಡೀಸೆಲ್. ನಮ್ಮದು 20ರ ಹತ್ತಿರ. ಪಾಕಿಸ್ತಾನ ಚೀನಾದಿಂದ 8 ಹೊಸತು ತರಿಸಿಕೊಳ್ಳುವ ಒಪ್ಪಂದ ಮಾಡಿಕೊಂಡಿದೆ.

ಲೆಕ್ಕ ಕಂಡೇ ಹೆದರ್ಬೇಡಿ ಮರಾಯ್ರೆ! ಅಣುಶಕ್ತಿಯದ್ದು ತಿಂಗಳುಗಟ್ಟಲೆ ಮೇಲೆ ಬರಬೇಕಂತಿಲ್ಲ. ಅಡುಗೆ ಸಾಮಾನು ಮುಗಿದರೆ ಮಾತ್ರ ಕಷ್ಟ. ಖಂಡೇರಿಯಂಥ ಡೀಸೆಲ್ ಸಬ್‌ಮರಿನ್ ನೀರಡಿಯಲ್ಲಿ ಓಡುವುದು ಬ್ಯಾಟರಿಯಲ್ಲಿ. ಚಾರ್ಜ್ ಇಳಿದರೆ ಮೇಲ್ಮೈ ಹತ್ತಿರ ಬಂದು, ಒಂದು ಕೊಳವೆ ಮಾತ್ರ ನೀರಿನ ಹೊರಗೆ ಚಾಚಿ, ಗಾಳಿ ಎಳೆದು ಇಂಜಿನ್ ಚಾಲೂ ಮಾಡಬೇಕು. ಶತ್ರುವಿನ ಕಣ್ಣಿಗೆ ಬೀಳುವುದು ಆಗಲೇ. ಆದ್ರೆ ಬ್ಯಾಟರಿಯಲ್ಲಿ ಹೋಗುವಾಗ ಸದ್ದೇ ಇಲ್ಲ ಅನ್ನಬಹುದು. ನಮ್ಮ ಕರಾವಳಿಯಂಥ ಆಳ ಕಡಿಮೆಯ ನೀರಿಗೆ ಇಂಥದ್ದೇ ಚಲೋ ಅನ್ನುವುದು ನನ್ನ ಅಂದಾಜು.

ಇನ್ನೊಂದು ವಿಷಯ ಗಂಗೊಳ್ಳಿ, ಕೋಡಿ ಕನ್ಯಾನದ ಬೋಟಿನವರಿಗೆ. 2024ರ ನವೆಂಬರ್‌ನಲ್ಲಿ ಗೋವಾದಿಂದ ಸುಮಾರು 70 ನಾಟಿಕಲ್ ಮೈಲು ದೂರದಲ್ಲಿ ‘ಕರಂಜ್’ ಸಬ್‌ಮರಿನ್‌ಗೂ ‘ಮಾರ್ಥೋಮಾ’ ಮೀನುಗಾರಿಕಾ ಬೋಟಿಗೂ ಡಿಕ್ಕಿಯಾಯಿತು. ಬೋಟಿನಲ್ಲಿದ್ದದ್ದು 13 ಜನ. ರಕ್ಷಿಸಲು ಸಾಧ್ಯವಾದದ್ದು 11 ಜನರನ್ನು.