ಪುಟ್ಟ ಗಣಕವು ಎಚ್ಚರಗೊಳ್ಳುವ ಬಗೆ

ಬೆಣ್ಣೆಹಳ್ಳದ ದಂಡೆಯ ಹೊಲಗಳಲ್ಲಿ ನೀರೆತ್ತುವ ಪಂಪನ್ನು ಕಂಡವರಿಗೆ ಒಂದು ಸಂಗತಿ ತಿಳಿದೇ ಇರುವುದು. ಒಳಗೆ ಬರಿಯ ಗಾಳಿ ತುಂಬಿದ ಪಂಪು ತಾನಾಗಿ ನೀರನ್ನು ಎಳೆಯಲಾರದು. ಮೊದಲು ಅದಕ್ಕೆ ಒಂದಿಷ್ಟು ನೀರನ್ನು ಹೊಯ್ಯಬೇಕು. ಗಣಕಯಂತ್ರದ ಸ್ಥಿತಿಯೂ ಇಂಥದೇ. ಅದರ ಪ್ರತಿಯೊಂದು ಕೆಲಸಕ್ಕೂ ಕ್ರಮವಿಧಿ ಬೇಕು. ಆ ಕ್ರಮವಿಧಿಯನ್ನು ಸಂಗ್ರಹದಿಂದ ಓದಿ ತರುವುದಕ್ಕೂ ಮತ್ತೊಂದು ಕ್ರಮವಿಧಿ ಬೇಕು! ಹಾಗಾದರೆ ಮೊತ್ತಮೊದಲನೆಯದು ಬರುವುದೆಲ್ಲಿಂದ?

ರಾಸ್ಪ್‌ಬೆರಿ ಪೈ ಎಂಬ ಅಂಗೈಯಗಲದ ಗಣಕವನ್ನೇ ಉದಾಹರಣೆಯಾಗಿ ತೆಗೆದುಕೊಳ್ಳೋಣ. ಇಂಗ್ಲೆಂಡಿನಲ್ಲಿ 2012ರಲ್ಲಿ ಮೊದಲು ಹೊರಬಂದ ಇದರ ಅಂಗಗಳೆಲ್ಲ ಒಂದೇ ಹಲಗೆಯ ಮೇಲಿವೆ. 2019ರ ನಾಲ್ಕನೆಯ ಮಾದರಿಯಲ್ಲಿ, ಪ್ರೊಸೆಸರ್ ಚಿಪ್ಪಿನೊಳಗೇ ಅಳಿಸಲಾಗದಂತೆ ಅಚ್ಚೊತ್ತಿದ ಕಿರುವಿಧಿಯೊಂದಿದೆ. ವಿದ್ಯುತ್ತು ಹರಿದೊಡನೆ ಎಚ್ಚರಗೊಳ್ಳುವುದು ಇದೇ. ಇದು ಹಲಗೆಯ ಮೇಲಿನ 512 ಕಿಲೋಬೈಟುಗಳ ಪ್ರತ್ಯೇಕ ಸ್ಮೃತಿಯಿಂದ ಇನ್ನಷ್ಟು ಸಮರ್ಥವಾದ ವಿಧಿಯೊಂದನ್ನು ಓದುವುದು. ಆ ವಿಧಿಯು ಎಸ್‌ಡಿ ಕಾರ್ಡನ್ನಾಗಲಿ ಎಸ್‌ಎಸ್‌ಡಿಯನ್ನಾಗಲಿ ಹುಡುಕಿ, ಅದರಲ್ಲಿರುವ ಲಿನಕ್ಸ್ ವ್ಯವಸ್ಥೆಯನ್ನು ಸ್ಮೃತಿಗೆ ತಂದು, ಅಧಿಕಾರವನ್ನು ಅದಕ್ಕೊಪ್ಪಿಸುವುದು. ಈ ಸರಣಿಗೇ ‘ಬೂಟ್’ ಎಂದು ಹೆಸರು.

ಎಲ್ಲಿ ಮೊದಲು ಹುಡುಕಬೇಕು? ಇದನ್ನು ಒಂದು ಪುಟ್ಟ ಸಂಕೇತವು ನಿರ್ಧರಿಸುವುದು. ‘ಎಫ್41’ ಎಂಬುದನ್ನು ಬಲದಿಂದ ಎಡಕ್ಕೆ ಓದಬೇಕು: 1 ಎಂದರೆ ಕಾರ್ಡು, 4 ಎಂದರೆ ಯುಎಸ್‌ಬಿ, ಎಫ್ ಎಂದರೆ ಮರಳಿ ಮೊದಲಿನಿಂದ. ಇದನ್ನು ‘ಎಫ್14’ ಎಂದು ಬದಲಿಸಿದರೆ ಯುಎಸ್‌ಬಿಗೆ ಜೋಡಿಸಿದ ಎಸ್‌ಎಸ್‌ಡಿಗೇ ಅಗ್ರಸ್ಥಾನ. ಈ ಮಾದರಿಗೆ ಯುಎಸ್‌ಬಿಯಿಂದ ಎಚ್ಚರಗೊಳ್ಳುವ ಸೌಲಭ್ಯ ಬಂದುದು 2020ರಲ್ಲಿ.

ಕಾರ್ಡು ಇರುವಾಗ ಎಸ್‌ಎಸ್‌ಡಿ ಏತಕ್ಕೆ? ಎರಡರಲ್ಲಿಯೂ ಮಾಹಿತಿಯು ನಿಲ್ಲುವುದು ನಿರೋಧಕದ ನಡುವೆ ಸೆರೆಯಾದ ವಿದ್ಯುದಾವೇಶದ ರೂಪದಲ್ಲಿಯೇ. ಬರೆದುದನ್ನು ಇದ್ದಲ್ಲಿಯೇ ತಿದ್ದಲಾಗದು. ಇಡಿಯ ಖಂಡವನ್ನು ಅಳಿಸಿಯೇ ಮತ್ತೆ ಬರೆಯಬೇಕು. ಈ ಕಾರ್ಯದ ನಡುವೆ ವಿದ್ಯುತ್ತು ಹೋದರೆ ಹಳೆಯ ಮಾಹಿತಿಗೂ ಅಪಾಯವುಂಟು. ಪದೇ ಪದೇ ಅಳಿಸಿದಂತೆ ಕೋಶಗಳು ಸವೆಯುವುವು. ಒಳ್ಳೆಯ ಎಸ್‌ಎಸ್‌ಡಿಯಲ್ಲಿ ಸವೆತವನ್ನು ಎಲ್ಲ ಕೋಶಗಳಿಗೂ ಹಂಚುವ ಸಮರ್ಥ ನಿಯಂತ್ರಕವಿರುವುದು. ವೇಗವೂ ಅಧಿಕ: ಈ ಮಾದರಿಯಲ್ಲಿ ಕಾರ್ಡು ಸೆಕೆಂಡಿಗೆ 50 ಮೆಗಾಬೈಟುಗಳನ್ನು ಮೀರದು, ಎಸ್‌ಎಸ್‌ಡಿ ಅದರ ಹಲವು ಪಟ್ಟು ಓದಬಲ್ಲುದು.

ಆದರೆ ಒಂದು ಎಚ್ಚರಿಕೆ. ಈ ಗಣಕದ ನಾಲ್ಕೂ ಯುಎಸ್‌ಬಿ ದ್ವಾರಗಳು ಒಟ್ಟಾಗಿ ಕೊಡಬಲ್ಲ ಪ್ರವಾಹ 1.2 ಆಂಪಿಯರ್ ಮಾತ್ರ. ಎಸ್‌ಎಸ್‌ಡಿ ಹೆಚ್ಚು ಬೇಡಿದರೆ ಬೂಟ್ ನಡುವೆಯೇ ನಿಲ್ಲಬಹುದು. ಆಗ ದೋಷವನ್ನು ಕ್ರಮವಿಧಿಯಲ್ಲಿ ಹುಡುಕುವುದು ವ್ಯರ್ಥ. ಓಮನ ನಿಯಮವನ್ನು ಕಲಿತ ವಿದ್ಯಾರ್ಥಿಯು ಮೊದಲು ವಿದ್ಯುತ್ ಪೂರೈಕೆಯನ್ನೂ ತಂತಿಯನ್ನೂ ಪರೀಕ್ಷಿಸುವನು.

ನವಲಗುಂದ, ಕುಂದಗೋಳ, ಕಲಘಟಗಿಗಳಂಥ ಊರುಗಳಲ್ಲಿ ವಿದ್ಯುತ್ತು ಹೇಳಿ ಹೋಗುವುದಿಲ್ಲ. ಒಂದು ಕ್ಷಣದ ಕತ್ತಲೆಯು ವಿದ್ಯಾರ್ಥಿಯ ಇಡಿಯ ವರ್ಷದ ಕೆಲಸವನ್ನು ನುಂಗಬಲ್ಲುದು. ಎಸ್‌ಎಸ್‌ಡಿಯು ಈ ಅಪಾಯವನ್ನು ತಗ್ಗಿಸುವುದೇ ಹೊರತು ಪೂರ್ತಿಯಾಗಿ ನಿವಾರಿಸದು. ಆದುದರಿಂದ ಆಜ್ಞೆಯಿತ್ತು ಗಣಕವನ್ನು ನಿಲ್ಲಿಸುವ ಅಭ್ಯಾಸ, ಒಂದು ಬ್ಯಾಟರಿಯ ಆಸರೆ, ಬೇರೆಡೆ ಇಟ್ಟ ಇನ್ನೊಂದು ಪ್ರತಿ—ಈ ಮೂರೂ ಅವಶ್ಯ.