ಮರುಭೂಮಿಯಲ್ಲಿ ಗೋಧಿಯ ಬೆಳೆ

ಮರುಭೂಮಿಯೆಂದರೆ ಬರೀ ಮರಳೆಂದು ತಿಳಿಯಬೇಡಿ. ವರ್ಷಕ್ಕೆ 250 ಮಿ.ಮೀ.ಗಿಂತ ಕಡಿಮೆ ಮಳೆ ಬೀಳುವ ನೆಲವನ್ನು ಸಾಮಾನ್ಯವಾಗಿ ಮರುಭೂಮಿ ಎನ್ನುತ್ತಾರೆ. ಈ ಲೆಕ್ಕದಲ್ಲಿ ಹಿಮ ಹೊದ್ದ ಅಂಟಾರ್ಕ್ಟಿಕವೇ ಜಗತ್ತಿನಲ್ಲಿ ಎಲ್ಲಕ್ಕಿಂತ ದೊಡ್ಡದು. ಸಹರಾದಲ್ಲಿಯೂ ಮರಳು ಹರಡಿರುವುದು ಸುಮಾರು ಕಾಲು ಭಾಗದಲ್ಲಿ ಮಾತ್ರ. ಉಳಿದದ್ದು ಹೆಚ್ಚಾಗಿ ಕಲ್ಲು, ಗರಸು.

ನಮ್ಮ ದೇಶದ ಥಾರ್ ಮರುಭೂಮಿಯ ಜೈಸಲ್ಮೇರಿನಲ್ಲಿ ವರ್ಷದ ಮಳೆ 200 ಮಿ.ಮೀ. ಆಸುಪಾಸು. ಆದರೂ ಅಲ್ಲಿ ಗೋಧಿ, ಕಡಲೆ ಬೆಳೆಯುತ್ತಾರೆ! ಹೇಗೆ? 15ನೆಯ ಶತಮಾನದಲ್ಲಿ ಪಾಲಿವಾಲ್ ಬ್ರಾಹ್ಮಣರು ರೂಢಿಗೆ ತಂದ 'ಖಡೀನ್' ಪದ್ಧತಿಯಿಂದ. ಕಲ್ಲುಗುಡ್ಡದಿಂದ ಹರಿದು ಬರುವ ಮಳೆನೀರಿಗೆ ಇಳಿಜಾರಿನ ಕೆಳಗೆ ಉದ್ದನೆಯ ಮಣ್ಣಿನ ಏರಿ ಹಾಕುತ್ತಾರೆ. ಹೆಚ್ಚಾದ ನೀರು ಕೋಡಿಯಿಂದ ಹೋಗುತ್ತದೆ. ನಿಂತದ್ದು ಇಂಗಿ, ಮೆಕ್ಕಲು ಮಣ್ಣನ್ನು ಉಳಿಸುತ್ತದೆ. ಆ ಹಸಿಯಲ್ಲಿಯೇ ಹಿಂಗಾರಿ ಬಿತ್ತನೆ. ಹೊಲದ ಖೇಜಡಿ ಮರವನ್ನೂ ಅವರು ಕಾಪಾಡಿಕೊಳ್ಳುತ್ತಾರೆ. ಅದರ ಸೊಪ್ಪು ಮೇವಿಗೆ, ಎಳೆಗಾಯಿ ಅಡಿಗೆಗೆ. ಅದು ಬೇರೆಯಲ್ಲ, ನಾವು ದಸರೆಯಲ್ಲಿ ಪೂಜಿಸುವ ಬನ್ನಿಯೇ.

ಚಳ್ಳಕೆರೆಯಂಥ ನಮ್ಮ ಒಣಸೀಮೆಯಲ್ಲಿಯೂ ಜೈಸಲ್ಮೇರಿನ ಸುಮಾರು ಎರಡರಷ್ಟು ಮಳೆಯಾಗುತ್ತದೆ. ಅದು ಮೇಲ್ಮಣ್ಣನ್ನು ಕೊಚ್ಚಿಕೊಂಡು ಹಳ್ಳ ಸೇರಿದರೆ ಫಲವೇನು? ಮುಂಗಾರಿಗೆ ಮೊದಲೇ ಒಡೆದ ಬದುಗಳನ್ನು ಸರಿಪಡಿಸಿರಿ, ಇಳಿಜಾರಿಗೆ ಅಡ್ಡಲಾಗಿ ಉಳುಮೆ ಮಾಡಿರಿ, ಹೊಲದಂಚಿನ ಬನ್ನಿಗೆ ಕೊಡಲಿ ಹಾಕದಿರಿ.