ವಜ್ರ ಬಿಟ್ಟುಕೊಟ್ಟ ಅರಸುಮಗ

ರಾಜಧಾನಿಯೇ ಗಡಿಯಾಚೆ ಇದ್ದ ನಾಡೊಂದಿತ್ತು. ಅದರ ಹೆಸರು ಬೆಚುವಾನಾಲ್ಯಾಂಡ್. 1885ರಿಂದ ಬ್ರಿಟಿಷರ ‘ರಕ್ಷಣೆ’ಯಲ್ಲಿದ್ದ ಈ ನಾಡನ್ನು ಆಳುವ ಅಧಿಕಾರಿಗಳ ಕಚೇರಿ ಇದ್ದದ್ದು ಪಕ್ಕದ ದಕ್ಷಿಣ ಆಫ್ರಿಕಾದ ಮಾಫೆಕಿಂಗ್ ಊರಿನಲ್ಲಿ. ಇಂದಲ್ಲ ನಾಳೆ ಈ ನೆಲ ದಕ್ಷಿಣ ಆಫ್ರಿಕಾದ ಪಾಲಾಗುತ್ತದೆ ಎಂಬ ಎಣಿಕೆ ಲಂಡನ್ನಿನಲ್ಲಿ ಬಹಳ ಕಾಲ ಇತ್ತು. ಬೇರೆಯವರಿಗೆ ಹೋಗಲಿರುವ ಆಸ್ತಿಗೆ ಯಾರು ತಾನೇ ದುಡ್ಡು ಹಾಕುತ್ತಾರೆ?

ಹಾಗಾಗಿ 1966ರ ಸೆಪ್ಟೆಂಬರ್ 30ರಂದು ಅದು ಬೋಟ್ಸ್ವಾನಾ ಎಂಬ ಹೆಸರಿನಲ್ಲಿ ಸ್ವತಂತ್ರವಾದಾಗ ಕೈಯಲ್ಲಿದ್ದದ್ದು ಬಹಳ ಕಡಿಮೆ. ಕರ್ನಾಟಕದ ಮೂರು ಪಟ್ಟು ವಿಸ್ತಾರದ ದೇಶ. ಅದರಲ್ಲಿ ಬಹುಪಾಲು ಕಲಹಾರಿ ಮರಳುನೆಲ. ಜನ ಐದೂವರೆ ಲಕ್ಷದಷ್ಟು. ಡಾಂಬರು ಕಂಡ ರಸ್ತೆ ಸುಮಾರು 12 ಕಿಲೋಮೀಟರ್. ಪದವೀಧರರು ಎರಡು ಡಜನ್ನೂ ಇರಲಿಲ್ಲ. ವರ್ಷಗಟ್ಟಲೆ ಮಳೆ ಕೈಕೊಟ್ಟು ದನಗಳು ಸತ್ತಿದ್ದವು, ಜನ ಬರಪರಿಹಾರದ ಕಾಳಿಗೆ ಕಾಯುತ್ತಿದ್ದರು. ಗಂಡಸರಿಗೆ ಕೂಲಿ ಬೇಕೆಂದರೆ ದಕ್ಷಿಣ ಆಫ್ರಿಕಾದ ಗಣಿಗಳೇ ಗತಿ. ಆಡಳಿತದ ದಿನನಿತ್ಯದ ಖರ್ಚಿನಲ್ಲಿ ಸುಮಾರು ಅರ್ಧಕ್ಕೆ ಬ್ರಿಟನ್ನಿನ ನೆರವನ್ನೇ ನೆಚ್ಚಬೇಕಿತ್ತು. ಈ ದೇಶದ ಮೊದಲ ಅಧ್ಯಕ್ಷರಾಗಿ ಪ್ರಮಾಣ ಸ್ವೀಕರಿಸಿದವರು 45 ವರ್ಷದ ಸೆರೆಟ್ಸೆ ಖಾಮಾ. ಹತ್ತು ವರ್ಷಗಳ ಹಿಂದಿನವರೆಗೆ ಅವರಿಗೆ ಆ ನೆಲಕ್ಕೆ ಕಾಲಿಡಲೂ ಅನುಮತಿ ಇರಲಿಲ್ಲ.

ಸೆರೆಟ್ಸೆ ಹುಟ್ಟಿದ್ದು 1921ರ ಜುಲೈ 1ರಂದು, ಸೆರೋವೆ ಎಂಬ ದೊಡ್ಡ ಹಳ್ಳಿಯಲ್ಲಿ. ನಾಡಿನ ಬಲಿಷ್ಠ ಬುಡಕಟ್ಟುಗಳಲ್ಲಿ ಒಂದಾದ ಬಾಮಾಂಗ್ವಾಟೊ ಜನರ ಅರಸುಮನೆ ಅದು. ಅಪ್ಪ ತೀರಿಕೊಂಡಾಗ ಮಗುವಿಗೆ ನಾಲ್ಕು ವರ್ಷ. ಪಟ್ಟ ಮಗುವಿನದಾಯಿತು, ಆಡಳಿತ ಚಿಕ್ಕಪ್ಪ ತ್ಶೆಕೆಡಿ ಖಾಮಾ ಅವರದಾಯಿತು. ತ್ಶೆಕೆಡಿ ದಕ್ಷ ಆಡಳಿತಗಾರ, ಹಟವಾದಿ. ಅಣ್ಣನ ಮಗನನ್ನು ಸ್ವಂತ ಮಗನಂತೆ ಬೆಳೆಸಿದರು, ದಕ್ಷಿಣ ಆಫ್ರಿಕಾದ ಫೋರ್ಟ್ ಹೇರ್ ಕಾಲೇಜಿನಲ್ಲಿ ಓದಿಸಿದರು, ಅಲ್ಲಿಂದ ಆಕ್ಸ್‌ಫರ್ಡಿಗೆ, ಬಳಿಕ ವಕೀಲಿ ಕಲಿಯಲು ಲಂಡನ್ನಿಗೆ ಕಳಿಸಿದರು.

ಲಂಡನ್ನಿನಲ್ಲಿ 1947ರಲ್ಲಿ ಹುಡುಗನಿಗೆ ರೂತ್ ವಿಲಿಯಮ್ಸ್ ಪರಿಚಯವಾದಳು. ಯುದ್ಧಕಾಲದಲ್ಲಿ ವಾಯುಪಡೆಯ ಮಹಿಳಾ ದಳದಲ್ಲಿ ದುಡಿದು, ಆಮೇಲೆ ವಿಮಾ ಸಂಸ್ಥೆಯೊಂದರಲ್ಲಿ ಗುಮಾಸ್ತೆಯಾಗಿದ್ದ ಬಿಳಿಯ ಹುಡುಗಿ. ಚರ್ಚಿನಲ್ಲಿ ಮದುವೆಗೆ ಅಡ್ಡಿ ಬಂದಾಗ 1948ರ ಸೆಪ್ಟೆಂಬರಿನಲ್ಲಿ ಇಬ್ಬರೂ ರಿಜಿಸ್ಟ್ರಾರ್ ಕಚೇರಿಯಲ್ಲಿ ಮದುವೆಯಾದರು. ರೂತ್‌ಳ ಅಪ್ಪನಿಗೂ ಇದು ಒಪ್ಪಿಗೆಯಿರಲಿಲ್ಲ, ತ್ಶೆಕೆಡಿಯಂತೂ ಕೆಂಡವಾದರು. ಅರಸನ ಹೆಂಡತಿ ಯಾರೆಂಬುದು ಅರಸನೊಬ್ಬನ ಸಂಗತಿಯಲ್ಲ, ಇಡೀ ಕುಲವನ್ನು ಕೇಳಬೇಕಾದ ಸಂಗತಿ ಎಂಬುದು ಅವರ ವಾದ. ಇದನ್ನು ಬರೀ ಮೈಬಣ್ಣದ ದ್ವೇಷವೆಂದು ತಳ್ಳಿಹಾಕಿದರೆ ಆ ಸಮಾಜದ ಕಟ್ಟುಪಾಡಿಗೆ ಅನ್ಯಾಯ ಮಾಡಿದಂತೆ.

ವಿಷಯ ಖೋಟ್ಲಾ ಮುಂದೆ ಬಂತು. ನಮ್ಮ ಹಳ್ಳಿಗಳ ಅರಳಿಕಟ್ಟೆಯ ಹಾಗೆ, ಊರ ಗಂಡಸರೆಲ್ಲ ಸೇರಿ ಮಾತಾಡಿ ನ್ಯಾಯ ತೀರ್ಮಾನಿಸುವ ಜಾಗ ಅದು. ಅಲ್ಲಿ ಅರಸನೂ ಕೂತು ಕೇಳಬೇಕು. 1948ರ ಕೊನೆಯಲ್ಲಿ ನಡೆದ ಸಭೆಗಳಲ್ಲಿ ಜನಾಭಿಪ್ರಾಯ ಸೆರೆಟ್ಸೆಗೆ ವಿರುದ್ಧವಾಗಿತ್ತು. 1949ರ ಜೂನ್‌ನಲ್ಲಿ ಮತ್ತೆ ಸೇರಿದಾಗ ಗಾಳಿ ತಿರುಗಿತ್ತು. ಮದುವೆಯ ನೆಪದಲ್ಲಿ ಚಿಕ್ಕಪ್ಪನೇ ಪಟ್ಟ ಹಿಡಿಯುತ್ತಾನೇನೋ ಎಂಬ ಅನುಮಾನವೂ ಜನರಲ್ಲಿ ಬೆಳೆದಿತ್ತು. ತನ್ನನ್ನೂ ತನ್ನ ಹೆಂಡತಿಯನ್ನೂ ಒಪ್ಪುವವರು ಎದ್ದು ನಿಲ್ಲಿ ಎಂದು ಸೆರೆಟ್ಸೆ ಕೇಳಿದಾಗ ಸಾವಿರಾರು ಜನ ಎದ್ದು ನಿಂತರು. ವಿರೋಧಿಸಿದವರು ಬೆರಳೆಣಿಕೆಯ ಮುಖಂಡರು. ತ್ಶೆಕೆಡಿ ತಮ್ಮವರನ್ನು ಕರೆದುಕೊಂಡು ಊರು ಬಿಟ್ಟರು.

ಜನ ತೀರ್ಪು ಕೊಟ್ಟಾಯಿತು. ಒಪ್ಪದಿದ್ದದ್ದು ಲಂಡನ್.

ಕಾರಣ ದಕ್ಷಿಣ ಆಫ್ರಿಕಾ. 1948ರಲ್ಲಿ ಅಲ್ಲಿ ಮಲಾನ್ ನೇತೃತ್ವದ ನ್ಯಾಷನಲ್ ಪಾರ್ಟಿ ಅಧಿಕಾರ ಹಿಡಿದಿತ್ತು. 1949ರಲ್ಲಿ ಬಿಳಿಯರು ಬೇರೆ ವರ್ಣದವರನ್ನು ಮದುವೆಯಾಗುವುದನ್ನೇ ನಿಷೇಧಿಸುವ ಕಾನೂನು ತಂದಿತು. ಗಡಿಯ ಪಕ್ಕದಲ್ಲೇ ಕರಿಯ ಅರಸನೂ ಬಿಳಿಯ ರಾಣಿಯೂ ಸಂಸಾರ ಮಾಡುವುದು ಅದಕ್ಕೆ ಸಹಿಸಲಾಗದ ಮಾತು. ಯುದ್ಧದಿಂದ ಸೋತು ಸುಣ್ಣವಾಗಿದ್ದ ಬ್ರಿಟನ್ನಿಗೆ ದಕ್ಷಿಣ ಆಫ್ರಿಕಾದ ಚಿನ್ನವೂ ಯುರೇನಿಯಮ್ಮೂ ಬೇಕಿದ್ದವು. ಅಟ್ಲಿಯವರ ಲೇಬರ್ ಸರ್ಕಾರ ನ್ಯಾಯಾಧೀಶ ಹ್ಯಾರಗಿನ್ ಅವರಿಂದ ವಿಚಾರಣೆ ನಡೆಸಿತು. ಸೆರೆಟ್ಸೆ ಎಲ್ಲ ರೀತಿಯಲ್ಲೂ ಯೋಗ್ಯ, ಮದುವೆಯೊಂದೇ ತೊಡಕು ಎಂದು ವರದಿ ಹೇಳಿಬಿಟ್ಟಿತು. ಸರ್ಕಾರಕ್ಕೆ ಇದು ಮುಜುಗರ. ವರದಿಯನ್ನು ಸುಮಾರು 30 ವರ್ಷ ಮುಚ್ಚಿಡಲಾಯಿತು. ಮಾತುಕತೆಗೆಂದು 1950ರ ಆರಂಭದಲ್ಲಿ ಲಂಡನ್ನಿಗೆ ಕರೆಸಿಕೊಂಡ ಸೆರೆಟ್ಸೆಗೆ, ಐದು ವರ್ಷ ನಾಡಿಗೆ ಮರಳುವಂತಿಲ್ಲ ಎಂದು ಹೇಳಲಾಯಿತು. ಪಟ್ಟ ಬಿಟ್ಟರೆ ವರ್ಷಕ್ಕೆ 1,100 ಪೌಂಡ್ ಕೊಡುವ ಆಮಿಷವನ್ನೂ ಒಡ್ಡಿದ್ದರು, ಅವರು ಮುಟ್ಟಲಿಲ್ಲ. ಸೆರೋವೆಯಲ್ಲಿ ಒಂಟಿಯಾಗಿದ್ದ ರೂತ್ ಆಗ ತುಂಬು ಗರ್ಭಿಣಿ. 1951ರಲ್ಲಿ ಬಂದ ಚರ್ಚಿಲ್ ಸರ್ಕಾರ ಮಾರನೆಯ ವರ್ಷ ಗಡಿಪಾರನ್ನು ಕಾಯಂ ಮಾಡಿತು. ವಿರೋಧ ಪಕ್ಷದಲ್ಲಿದ್ದಾಗ ಇದೇ ಗಡಿಪಾರನ್ನು ಚರ್ಚಿಲ್ ಖಂಡಿಸಿದ್ದರು.

ಸೆರೋವೆಯ ಜನ ಸುಮ್ಮನಿರಲಿಲ್ಲ. ಹೈ ಕಮಿಷನರ್ ಸರ್ ಎವೆಲಿನ್ ಬೇರಿಂಗ್ 1950ರಲ್ಲಿ ಐದು ವರ್ಷದ ಗಡಿಪಾರಿನ ತೀರ್ಮಾನ ತಿಳಿಸಲು ದರಬಾರಿ ಪೋಷಾಕಿನಲ್ಲಿ ಬಂದಾಗ ಖೋಟ್ಲಾ ಖಾಲಿ ಹೊಡೆಯುತ್ತಿತ್ತು. ಜನ ಬಹಿಷ್ಕಾರ ಹಾಕಿದ್ದರು. ಬೇರೊಬ್ಬ ಅರಸನನ್ನು ಆರಿಸಿ ಎಂದಾಗಲೂ ಒಪ್ಪಲಿಲ್ಲ. 1952ರಲ್ಲಿ ಗಲಭೆಯೆದ್ದು ಮೂವರು ಪೊಲೀಸರು ಸತ್ತರು. ಕೊನೆಗೆ ಬಾಗಿಲು ತೆರೆದದ್ದು ಚಿಕ್ಕಪ್ಪ ಮತ್ತು ಅಣ್ಣನ ಮಗ ರಾಜಿಯಾದಾಗ. 1956ರಲ್ಲಿ ಇಬ್ಬರೂ ಪಟ್ಟದ ಹಕ್ಕು ಬಿಟ್ಟರು, ಸೆರೆಟ್ಸೆ ಸಾಮಾನ್ಯ ಪ್ರಜೆಯಾಗಿ ಹೆಂಡತಿ ಮಕ್ಕಳೊಂದಿಗೆ ಊರಿಗೆ ಮರಳಿದರು.

ಆ ಬಿಟ್ಟುಕೊಡುವಿಕೆ ಬಲವಂತದ್ದು. ಅವರನ್ನು ನಿಜವಾಗಿ ಅಳೆಯಬೇಕಾದದ್ದು ಆಮೇಲೆ ತಾವಾಗಿಯೇ ಬಿಟ್ಟುಕೊಟ್ಟದ್ದರಿಂದ.

ದನ ಸಾಕಣೆ ಅವರಿಗೆ ಅಷ್ಟಾಗಿ ಕೈಹಿಡಿಯಲಿಲ್ಲ, ರಾಜಕೀಯ ಹಿಡಿಯಿತು. ಮೇಷ್ಟ್ರಾಗಿ, ಪತ್ರಕರ್ತರಾಗಿ, ಒಳ್ಳೆಯ ರೈತರಾಗಿ ಹೆಸರು ಮಾಡಿದ್ದ ಕ್ವೆಟ್ ಮಸೀರೆ ಅವರ ಜೊತೆಗೂಡಿ ಡೆಮಾಕ್ರಟಿಕ್ ಪಾರ್ಟಿ ಕಟ್ಟಿದರು. ಪಕ್ಷದ ಗುರುತು, ಕಾರು ಎತ್ತುವ ಜ್ಯಾಕ್. 1965ರ ಮಾರ್ಚ್‌ನಲ್ಲಿ ನಡೆದ ಚುನಾವಣೆಯಲ್ಲಿ 31ರಲ್ಲಿ 28 ಸ್ಥಾನ ಗೆದ್ದರು. ಅದೇ ವರ್ಷ ಆಡಳಿತ ಮಾಫೆಕಿಂಗ್‌ನಿಂದ ಹೊಸದಾಗಿ ಕಟ್ಟುತ್ತಿದ್ದ ಗ್ಯಾಬೊರೋನ್‌ಗೆ ಬಂತು.

ಚುನಾವಣೆಯ ಪ್ರಣಾಳಿಕೆಯಲ್ಲೇ ಒಂದು ಮಾತಿತ್ತು: ನೆಲದಡಿಯ ಖನಿಜ ಬುಡಕಟ್ಟುಗಳಿಗಲ್ಲ, ಇಡೀ ದೇಶಕ್ಕೆ ಸೇರಬೇಕು. ಆಗಿನ ಪದ್ಧತಿಯಂತೆ ಆಯಾ ಬುಡಕಟ್ಟಿನ ನೆಲದ ಖನಿಜದ ಹಕ್ಕು ಆಯಾ ಬುಡಕಟ್ಟಿನದು. 1967ರಲ್ಲಿ ಕಾನೂನು ಬಂತು. ಬುಡಕಟ್ಟುಗಳು ತಮ್ಮ ಹಕ್ಕನ್ನು ಸರ್ಕಾರಕ್ಕೆ ಒಪ್ಪಿಸಿದವು. 1955ರಿಂದ ಕಲಹಾರಿಯಲ್ಲಿ ವಜ್ರಕ್ಕಾಗಿ ತಡಕಾಡುತ್ತಿದ್ದ ಡಿ ಬೀರ್ಸ್ ಕಂಪನಿಯ ಭೂವಿಜ್ಞಾನಿಗಳು ಅದೇ 1967ರಲ್ಲಿ ಒರಾಪಾದಲ್ಲಿ ವಜ್ರದ ಬಂಡೆ ಕಂಡರು. ಅದು ಪ್ರಪಂಚದ ಅತಿ ದೊಡ್ಡ ವಜ್ರನಿಕ್ಷೇಪಗಳಲ್ಲಿ ಒಂದು. ಒರಾಪಾ ಇರುವುದು ಬಾಮಾಂಗ್ವಾಟೊ ನೆಲದಲ್ಲಿ, ಅಂದರೆ ಸೆರೆಟ್ಸೆಯವರ ಸ್ವಂತ ಕುಲದ ನೆಲದಲ್ಲಿ.

ಆ ಕಾನೂನು ಬಾರದಿದ್ದರೆ ಅವರ ಮನೆತನ ಆಫ್ರಿಕಾದ ಅತಿ ಶ್ರೀಮಂತ ಅರಸುಮನೆಯಾಗಬಹುದಿತ್ತು, ಉಳಿದ ಬುಡಕಟ್ಟುಗಳು ಹೊಟ್ಟೆಕಿಚ್ಚಿನಲ್ಲಿ ಬೇಯಬಹುದಿತ್ತು. ಖನಿಜಕ್ಕಾಗಿ ಪ್ರಾಂತ್ಯಗಳು ಸಿಡಿದೆದ್ದು ರಕ್ತ ಹರಿದ ಕಾಂಗೋದ ಕಟಾಂಗಾ ಉದಾಹರಣೆ ಆಗಿನ್ನೂ ಹಸಿಯಾಗಿತ್ತು. ಬೋಟ್ಸ್ವಾನಾದಲ್ಲಿ ಅದು ನಡೆಯಲಿಲ್ಲ. ಮೌಲ್ಯದಲ್ಲಿ ಒರಾಪಾವನ್ನೂ ಮೀರಿಸುವ ಜ್ವಾನೆಂಗ್ ಗಣಿ 1982ರಲ್ಲಿ ಶುರುವಾಯಿತು. ಅದು ಇರುವುದು ಇನ್ನೊಂದು ಕುಲವಾದ ಬಾಂಗ್ವಾಕೆಟ್ಸೆ ಜನರ ನೆಲದಲ್ಲಿ. ಅದರ ಆದಾಯವೂ ಅದೇ ಕಾನೂನಿನಂತೆ ದೇಶದ ಬೊಕ್ಕಸಕ್ಕೆ ಬಂತು.

ಕಂಪನಿಯ ಜೊತೆಗಿನ ಚೌಕಾಸಿಯೂ ಅಷ್ಟೇ ಮುಖ್ಯ. ಮೊದಲ ಒಪ್ಪಂದದಲ್ಲಿ ಸರ್ಕಾರಕ್ಕೆ ಸಿಕ್ಕಿದ್ದು ಗಣಿ ಕಂಪನಿಯ ಶೇ 15ರಷ್ಟು ಪಾಲು. ನಿಕ್ಷೇಪ ಎಷ್ಟು ದೊಡ್ಡದೆಂದು ಗೊತ್ತಾದ ಮೇಲೆ ಮಸೀರೆ ಮತ್ತು ಅಧಿಕಾರಿಗಳು ಮತ್ತೆ ಮೇಜಿಗೆ ಕೂತು, 1975ರ ಹೊತ್ತಿಗೆ ಅದನ್ನು ಶೇ 50ಕ್ಕೆ ಏರಿಸಿದರು. ಬಂದ ದುಡ್ಡು ಶಾಲೆ, ಆಸ್ಪತ್ರೆ, ಕೊಳವೆಬಾವಿ, ರಸ್ತೆಗಳಿಗೆ ಹರಿಯಿತು. 1976ರಲ್ಲಿ ದೇಶ ದಕ್ಷಿಣ ಆಫ್ರಿಕಾದ ರ್ಯಾಂಡ್ ಬಿಟ್ಟು ಪುಲಾ ಎಂಬ ಸ್ವಂತ ನಾಣ್ಯ ತಂದಿತು. 1994ರಲ್ಲಿ, ವಿಶ್ವಸಂಸ್ಥೆಯ ಕಡುಹಿಂದುಳಿದ ದೇಶಗಳ ಪಟ್ಟಿಯಿಂದ ಮೇಲೆದ್ದು ಹೊರಬಂದ ಮೊಟ್ಟಮೊದಲ ದೇಶವಾಯಿತು.

ಅರಸುಮನೆಯಲ್ಲಿ ಹುಟ್ಟಿದವರೇ ಅರಸರ ಅಧಿಕಾರವನ್ನೂ ಕತ್ತರಿಸಿದರು. 1968ರ ಕಾನೂನಿನಂತೆ ಜಮೀನು ಹಂಚುವ ಹಕ್ಕು ಕುಲದೊಡೆಯರ ಕೈತಪ್ಪಿ ಭೂಮಂಡಳಿಗಳಿಗೆ ಹೋಯಿತು. ಮಾಲೀಕರಿಲ್ಲದ ಬಿಡಾಡಿ ದನಗಳು ಕುಲದೊಡೆಯರಿಗೆ ಸೇರುತ್ತಿದ್ದ ವಾಡಿಕೆಯೂ ನಿಂತು, ಆ ಆದಾಯ ಜಿಲ್ಲಾ ಕೌನ್ಸಿಲ್‌ಗಳ ಪಾಲಾಯಿತು. ದನವೇ ಸಂಪತ್ತಾದ ನಾಡಿನಲ್ಲಿ ಇದು ಸಣ್ಣ ಪೆಟ್ಟಲ್ಲ. ಬಾಂಗ್ವಾಕೆಟ್ಸೆ ಕುಲದ ಒಡೆಯ ಎರಡನೇ ಬಾಥೋಯೆನ್ ಸಿಟ್ಟಿಗೆದ್ದು ಪಟ್ಟ ಬಿಟ್ಟು ವಿರೋಧ ಪಕ್ಷ ಸೇರಿ, 1969ರ ಚುನಾವಣೆಯಲ್ಲಿ ಉಪಾಧ್ಯಕ್ಷ ಮಸೀರೆಯವರನ್ನೇ ಸೋಲಿಸಿದರು. ಸರ್ಕಾರ ಚುನಾವಣೆಯನ್ನು ರದ್ದು ಮಾಡಲಿಲ್ಲ, ಬಾಥೋಯೆನ್‌ರನ್ನು ಜೈಲಿಗೆ ಹಾಕಲಿಲ್ಲ. ಖಂಡದ ಎಷ್ಟೋ ಹೊಸ ದೇಶಗಳು ಒಂದೇ ಪಕ್ಷದ ಆಳ್ವಿಕೆಗೋ ಸೈನ್ಯದ ಆಳ್ವಿಕೆಗೋ ಜಾರುತ್ತಿದ್ದ ದಶಕ ಅದು.

ಸುತ್ತಲೂ ಬಿಳಿಯರ ಆಳ್ವಿಕೆಯ ದಕ್ಷಿಣ ಆಫ್ರಿಕಾ, ರೊಡೇಶಿಯಾ, ನಮೀಬಿಯಾ. ಸ್ವತಂತ್ರ ನೆರೆಯೆಂದರೆ ಝಾಂಬೆಜಿ ನದಿಯಲ್ಲಿ ದೋಣಿಯೇರಿ ದಾಟಬೇಕಾದ ಝಾಂಬಿಯಾ ಒಂದೇ. ಉಪ್ಪಿನಿಂದ ಪೆಟ್ರೋಲಿನವರೆಗೆ ಎಲ್ಲವೂ ದಕ್ಷಿಣ ಆಫ್ರಿಕಾದ ಮೂಲಕವೇ ಬರಬೇಕು. ಸೆರೆಟ್ಸೆ ಬಂಡಾಯಗಾರರ ನೆಲೆಗಳಿಗೆ ಜಾಗ ಕೊಡಲಿಲ್ಲ, ಆದರೆ ಓಡಿಬಂದ ನಿರಾಶ್ರಿತರಿಗೆ ಬಾಗಿಲು ಮುಚ್ಚಲಿಲ್ಲ. ವರ್ಣಭೇದದ ಸರ್ಕಾರದ ಜೊತೆ ರಾಯಭಾರಿ ಸಂಬಂಧವನ್ನೂ ಇಟ್ಟುಕೊಳ್ಳಲಿಲ್ಲ. 1977ರವರೆಗೆ ದೇಶಕ್ಕೆ ಸೈನ್ಯವೇ ಇರಲಿಲ್ಲ. ರೊಡೇಶಿಯಾದ ಪಡೆಗಳು ಗಡಿ ದಾಟಿ ನುಗ್ಗತೊಡಗಿದಾಗ ಬೇರೆ ದಾರಿ ಕಾಣದೆ ಒಂದನ್ನು ಕಟ್ಟಿದರು. ಮರುವರ್ಷ ಲೆಸೋಮಾದ ಹೊಂಚುದಾಳಿಯಲ್ಲಿ ಅದರ 15 ಯೋಧರು ಸತ್ತರು.

ಆ ಕಾಲದ ಸೊಗಸಾದ ಕಥೆಯೆಂದರೆ ವಿಶ್ವವಿದ್ಯಾಲಯದ್ದು. ಲೆಸೋಥೋ, ಸ್ವಾಜಿಲ್ಯಾಂಡ್ ಜೊತೆ ಸೇರಿ ನಡೆಸುತ್ತಿದ್ದ ವಿಶ್ವವಿದ್ಯಾಲಯದಿಂದ 1975ರಲ್ಲಿ ಲೆಸೋಥೋ ಹೊರನಡೆಯಿತು, ಕಟ್ಟಡಗಳೆಲ್ಲ ಅಲ್ಲೇ ಉಳಿದವು. ಸ್ವಂತದ್ದೊಂದು ಕಟ್ಟೋಣವೆಂದು ಸೆರೆಟ್ಸೆ ಜನರನ್ನು ಕೇಳಿದರು: ತಲೆಗೊಂದು ದನ ಕೊಡಿ. ಜನ ದನ ಹೊಡೆದುಕೊಂಡು ಬಂದರು. ದನವಿಲ್ಲದವರು ಜೋಳ, ಕೋಳಿಮೊಟ್ಟೆ, ಚಿಲ್ಲರೆ ಕಾಸು ತಂದರು. ಅದರಲ್ಲಿ ಎಷ್ಟೋ ಜನ ಶಾಲೆಯ ಮೆಟ್ಟಿಲು ಹತ್ತಿದವರಲ್ಲ. ಗ್ಯಾಬೊರೋನ್‌ನ ಆ ವಿಶ್ವವಿದ್ಯಾಲಯದ ಆವರಣದಲ್ಲಿ ಇಂದು ದನದೊಂದಿಗೆ ನಿಂತ ಮನುಷ್ಯನ ಪ್ರತಿಮೆಯಿದೆ. ಸರ್ಕಾರಿ ಅನುದಾನದಿಂದ ಎದ್ದ ಯಾವ ಕಟ್ಟಡಕ್ಕೂ ಇಂಥ ಒಡೆತನ ಬರುವುದಿಲ್ಲ.

ಸೆರೆಟ್ಸೆಯವರ ಬಗ್ಗೆ ಬರುವ ಬರಹಗಳಲ್ಲಿ ಪ್ರೇಮಕಥೆಯ ಹೊಳಪೇ ಹೆಚ್ಚು. ತಪ್ಪುಗಳು ಅದರಡಿ ಮುಚ್ಚಿಹೋಗಬಾರದು. 1975ರ ಹುಲ್ಲುಗಾವಲು ನೀತಿ ಸಾಮೂಹಿಕ ಮೇವಿನ ನೆಲಕ್ಕೆ ಬೇಲಿ ಹಾಕಿಕೊಳ್ಳಲು ದೊಡ್ಡ ದನಗಾರರಿಗೆ ದಾರಿ ಮಾಡಿಕೊಟ್ಟಿತು. ಆಳುವವರಲ್ಲಿ ಅನೇಕರು ತಾವೇ ದೊಡ್ಡ ದನಗಾರರಾಗಿದ್ದರು. ಬಡವರು, ಅದರಲ್ಲೂ ಬೇಟೆಯಾಡಿ ಬದುಕುತ್ತಿದ್ದ ಸಾನ್ ಜನ, ನೆಲ ಕಳೆದುಕೊಂಡರು. ಮುಂದೆ 1997 ಮತ್ತು 2002ರಲ್ಲಿ ಸರ್ಕಾರ ಸಾನ್ ಜನರನ್ನು ಮಧ್ಯ ಕಲಹಾರಿಯ ಅಭಯಾರಣ್ಯದಿಂದ ಎಬ್ಬಿಸಿತು. 2002ರ ತೆರವು ಕಾನೂನುಬಾಹಿರವೆಂದು ಹೈಕೋರ್ಟ್ 2006ರಲ್ಲಿ ತೀರ್ಪಿತ್ತಿತು. ಬಡವ ಬಲ್ಲಿದರ ನಡುವಿನ ಅಂತರದಲ್ಲಿ ಬೋಟ್ಸ್ವಾನಾ ಇಂದಿಗೂ ಪ್ರಪಂಚದ ಮೊದಲ ಸಾಲಿನಲ್ಲಿದೆ. ಪಟ್ಟ ಬಿಟ್ಟ ಅಪ್ಪನ ಕಾಲದಲ್ಲೇ ಮಗ ಇಯಾನ್ 24ರ ಹರೆಯದಲ್ಲಿ ಸೈನ್ಯದ ಉಪಮುಖ್ಯಸ್ಥನಾದ, 1979ರಲ್ಲಿ ಕುಲದ ಪಟ್ಟಕ್ಕೂ ಏರಿದ. ಮನೆತನದ ನೆರಳಿನಿಂದ ದೇಶವನ್ನು ಹೊರತಂದವರಿಗೆ ಇದು ಒಪ್ಪುವಂಥದ್ದಲ್ಲ. ಇಯಾನ್ 2008ರಿಂದ 2018ರವರೆಗೆ ಅಧ್ಯಕ್ಷರಾಗಿದ್ದರು. ತಮ್ಮ ನಂತರ ಬಂದವರ ಜೊತೆ ಜಗಳವಾಡಿ ಅಪ್ಪ ಕಟ್ಟಿದ ಪಕ್ಷವನ್ನೇ ತೊರೆದರು.

ಸೆರೆಟ್ಸೆ 1980ರ ಜುಲೈ 13ರಂದು ಕ್ಯಾನ್ಸರಿನಿಂದ ತೀರಿಕೊಂಡರು. ಆಗ ಅವರಿಗೆ 59 ವರ್ಷ. ಅದಕ್ಕೆ ಮೂರು ತಿಂಗಳ ಹಿಂದಷ್ಟೇ ರೊಡೇಶಿಯಾ ಝಿಂಬಾಬ್ವೆಯಾಗಿ ಸ್ವತಂತ್ರವಾದದ್ದನ್ನು ನೋಡಿದ್ದರು. ಮಸೀರೆ ಗದ್ದಲವಿಲ್ಲದೆ ಅಧ್ಯಕ್ಷರಾದರು, 1998ರಲ್ಲಿ ತಾವಾಗಿಯೇ ನಿವೃತ್ತರಾದರು. ರೂತ್ ಇಂಗ್ಲೆಂಡಿಗೆ ಮರಳಲಿಲ್ಲ. 2002ರಲ್ಲಿ ಅವರನ್ನೂ ಸೆರೋವೆಯಲ್ಲಿ ಗಂಡನ ಪಕ್ಕದಲ್ಲೇ ಮಣ್ಣು ಮಾಡಿದರು.

ಸೆರೆಟ್ಸೆ ಕಟ್ಟಿದ ಪಕ್ಷ 58 ವರ್ಷ ಆಳಿದ ಮೇಲೆ 2024ರ ಅಕ್ಟೋಬರ್ ಚುನಾವಣೆಯಲ್ಲಿ ನಾಲ್ಕೇ ಸ್ಥಾನಕ್ಕೆ ಕುಸಿಯಿತು. ಅಧ್ಯಕ್ಷ ಮಸೀಸಿ ಎಣಿಕೆ ಪೂರ್ತಿ ಮುಗಿಯುವ ಮೊದಲೇ ಸೋಲೊಪ್ಪಿದರು, ದಿನಗಳೊಳಗೆ ವಿರೋಧ ಪಕ್ಷದ ಡುಮಾ ಬೋಕೊ ಅಧಿಕಾರ ವಹಿಸಿಕೊಂಡರು. ಸೋಲಿಗೆ ಮುಖ್ಯ ಕಾರಣ ನಿರುದ್ಯೋಗ ಮತ್ತು ವಜ್ರದ ಬೆಲೆಕುಸಿತ. ರಫ್ತಿನ ಬಹುಪಾಲು ಇಂದಿಗೂ ವಜ್ರವೇ; ಪ್ರಯೋಗಾಲಯದಲ್ಲಿ ತಯಾರಾದ ಅಗ್ಗದ ವಜ್ರ ಅದರ ಮಾರುಕಟ್ಟೆಯನ್ನು ಕಚ್ಚುತ್ತಿದೆ. ಬೋಟ್ಸ್ವಾನಾದ ಹರಳಿಗೆ ಸಾಣೆ ಹಿಡಿಯುವ ನಮ್ಮ ಸೂರತ್ತಿನಲ್ಲಿಯೇ ಆ ಕೃತಕ ವಜ್ರವೂ ಹೇರಳವಾಗಿ ತಯಾರಾಗುತ್ತದೆ. ಬೋಕೊ ಸರ್ಕಾರ 2025ರ ಫೆಬ್ರವರಿಯಲ್ಲಿ ಡಿ ಬೀರ್ಸ್ ಜೊತೆ ಹೊಸ ಒಪ್ಪಂದಕ್ಕೆ ಸಹಿ ಹಾಕಿತು. ಗಣಿಯ ಹರಳುಗಳಲ್ಲಿ ದೇಶ ತಾನೇ ಮಾರುವ ಪಾಲು ಹಂತಹಂತವಾಗಿ ಶೇ 50ಕ್ಕೆ ಏರಬೇಕೆಂಬುದು ಅದರ ಕರಾರು.